ದನ ಕಾಯೋರ ಜಗಳ

ಓದಿನಲ್ಲಿ ಹಿಂದೆ ಬಿದ್ದ ಹುಡುಗನಿಗೆ ನಮ್ಮ ಮೇಷ್ಟ್ರುಗಳು ಹೇಳುವ ಹಳೇ ಮಾತೊಂದಿದೆ: ‘ಹೋಗ್ಲಾ, ದನ ಕಾಯಕ್ಕೆ ಹೋಗು.’ ಹಾಸನ, ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣ ಸೀಮೆಯಲ್ಲಿ ಶಾಲೆಯ ಮೆಟ್ಟಿಲು ಹತ್ತಿದವರಲ್ಲಿ ಈ ಮಾತು ಕೇಳದೆ ಬೆಳೆದವರು ಕಮ್ಮಿ. ಕೇರಿಯಿಂದ ಬಂದ ಹುಡುಗನಿಗೆ ಅದು ಬರೀ ಬೈಗುಳವಾಗಿ ಕೇಳುತ್ತಿರಲಿಲ್ಲ. ಅದೇ ಹೊತ್ತಿನಲ್ಲಿ ಅವನ ಅಣ್ಣನೋ ತಮ್ಮನೋ ಯಾರದೋ ದನದ ಹಿಂದೆ ಬಿಸಿಲಲ್ಲಿ ನಿಂತಿರುತ್ತಿದ್ದ.

ಇದೇ ಮಾತನ್ನು ಇಂಗ್ಲಿಷಿಗೆ ತಿರುಗಿಸಿ ನೋಡಿ. ದನ ಕಾಯೋ ಹುಡುಗ ಅಂದರೆ ಕೌಬಾಯ್. ಅಗಲ ಟೋಪಿ, ಕುದುರೆ, ಸೊಂಟದಲ್ಲಿ ಪಿಸ್ತೂಲು. ಜಗತ್ತೆಲ್ಲ ಶಿಳ್ಳೆ ಹೊಡೆದ ನಾಯಕ. ಕಸುಬು ಒಂದೇ. ಇನ್ನೊಬ್ಬನ ದನವನ್ನು ಇನ್ನೊಬ್ಬನ ನೆಲದಲ್ಲಿ ಮೇಯಿಸಿ, ನೀರು ಕುಡಿಸಿ, ಸಂಜೆಗೆ ಎಣಿಸಿ ಒಪ್ಪಿಸುವುದು. ಅಲ್ಲಿ ನಾಯಕನಾದವನು ಇಲ್ಲಿ ಬೈಗುಳವಾದದ್ದು ಹೇಗೆ? ಇದನ್ನು ಕೇಳಿಕೊಂಡು ನಾವು ಮೊದಲು ಒಂದು ಹಳೇ ಮೂಕಿ ಸಿನಿಮಾ ನೋಡಿದೆವು. ಆಮೇಲೆ ನಮ್ಮ ಸೀಮೆಯ ಕಾವಲುಗಳ ಚರಿತ್ರೆ ತೆಗೆದೆವು. ಎರಡನ್ನೂ ಪಕ್ಕಪಕ್ಕ ಇಟ್ಟಾಗ ಕಂಡದ್ದು ಇದು.

ಸಿನಿಮಾದ ಹೆಸರು ‘ಸ್ಟ್ರೈಟ್ ಶೂಟಿಂಗ್’. 1917ರದ್ದು. ಮುಂದೆ ಜಾನ್ ಫೋರ್ಡ್ ಅಂತ ಲೋಕಕ್ಕೆಲ್ಲ ಗೊತ್ತಾದ ನಿರ್ದೇಶಕ ಆಗಿನ್ನೂ ಜ್ಯಾಕ್ ಫೋರ್ಡ್. ಯೂನಿವರ್ಸಲ್ ಕಂಪನಿಗೆ ಅವನು ಮಾಡಿದ ಮೊದಲ ಪೂರ್ಣ ಚಿತ್ರ ಇದು. ಬಹಳ ಕಾಲ ಕಳೆದೇ ಹೋಯಿತು ಅಂತಿದ್ದರು. 1966ರಲ್ಲಿ ಜೆಕೊಸ್ಲೊವಾಕಿಯಾದ ಚಿತ್ರಭಂಡಾರದಲ್ಲಿ ಪ್ರತಿ ಸಿಕ್ಕಿತು. ಕತೆ ಉದ್ದವಿಲ್ಲ. ಫ್ಲಿಂಟ್ ಎಂಬ ದನದ ಸಾಹುಕಾರ. ಕುದುರೆ ಮೇಲೆ ಗುಡ್ಡದ ನೆತ್ತಿಯಲ್ಲಿ ಕೂತು ಕೆಳಗೆ ಹರಿಯುವ ತನ್ನ ಹಿಂಡನ್ನು ನೋಡುತ್ತಾನೆ. ಅವನ ಹುಲ್ಲುಗಾವಲಿನ ನಡುವೆ ಒಂದಷ್ಟು ಬಡ ರೈತರು ಗುಡಿಸಲು ಹಾಕಿಕೊಂಡು ಉಳುತ್ತಿದ್ದಾರೆ. ಅವರನ್ನು ಎಬ್ಬಿಸಬೇಕು. ಹೇಗೆ? ನೀರು ಕಟ್ಟಿಹಾಕಿದರೆ ಆಯಿತು. ಹಳ್ಳಕ್ಕೆ ನೀರು ತರಲು ಹೋದ ರೈತನ ಮಗನನ್ನು ಫ್ಲಿಂಟನ ಆಳು ಫ್ರೀಮಾಂಟ್ ಗುಂಡಿಟ್ಟು ಕೊಲ್ಲುತ್ತಾನೆ. ಇದೇ ಕೆಲಸಕ್ಕೆ ಸಾಹುಕಾರ ಗೊತ್ತು ಮಾಡಿಕೊಂಡ ಇನ್ನೊಬ್ಬ ಶಯೆನ್ ಹ್ಯಾರಿ. ಅವನು ಬರುವ ಹೊತ್ತಿಗೆ ಮನೆಯವರು ಮಣ್ಣು ಮಾಡುತ್ತಿದ್ದಾರೆ. ಹ್ಯಾರಿ ನಿಂತು ನೋಡುತ್ತಾನೆ. ಮನಸ್ಸು ತಿರುಗುತ್ತದೆ. ಸಾಹುಕಾರನ ಕೆಲಸ ಬಿಟ್ಟು ರೈತರ ಕಡೆ ಸೇರುತ್ತಾನೆ.

ಇಲ್ಲಿಯವರೆಗೆ ಸರಿ. ಒಬ್ಬ ಕೂಲಿ ಆಳು ತಾನು ಯಾರ ಕೈಯ ದೊಣ್ಣೆ ಅಂತ ತಿಳಿದುಕೊಳ್ಳುವುದನ್ನು 1917ರಲ್ಲೇ ತೆರೆಯ ಮೇಲೆ ತೋರಿಸಿದ್ದಾರಲ್ಲ, ಅದಕ್ಕೆ ಆ ಸಿನಿಮಾವನ್ನು ನಾವು ಮೆಚ್ಚುತ್ತೇವೆ. ಆದರೆ ಚಿತ್ರದ ಹೆಸರಾದ ದೃಶ್ಯ ಯಾವುದು? ಊರ ಬೀದಿಯಲ್ಲಿ ಹ್ಯಾರಿ ಮತ್ತು ಫ್ರೀಮಾಂಟ್ ಎದುರುಬದುರು ಬಂದು ಗುಂಡು ಹಾರಿಸುವುದು. ಇಬ್ಬರೂ ಒಂದೇ ಧಣಿಯ ಸಂಬಳಕ್ಕೆ ಬಂದವರು. ಒಂದೇ ಅಂಗಡಿಯಲ್ಲಿ ಕುಡಿದವರು. ಒಬ್ಬ ಬೀಳುತ್ತಾನೆ, ಒಬ್ಬ ಉಳಿಯುತ್ತಾನೆ. ನೋಡುವವನ ಎದೆ ಹೊಡೆದುಕೊಳ್ಳುವುದು ಇದಕ್ಕೆ. ನೀರಿಗೆ ಬೇಲಿ ಹಾಕಿದವನು ಆ ಬೀದಿಯಲ್ಲಿ ಇಲ್ಲ. ಸಿನಿಮಾಕ್ಕೆ ಬೇಕಾದದ್ದು ಆಳುಗಳ ಜಗಳ.

ಆಮೇಲೆ ಬಂದ ನೂರಾರು ಚಿತ್ರಗಳು ಗುಡ್ಡದ ಮೇಲಿನ ಸಾಹುಕಾರನನ್ನೂ ಬಿಟ್ಟು ಬೀದಿಯ ಕಾಳಗವೊಂದನ್ನೇ ಹಿಡಿದುಕೊಂಡವು. ದನ ಕಾಯೋರು ಹೆಣ್ಣಿಗಾಗಿ, ಇಸ್ಪೀಟಿಗಾಗಿ, ಒಂದು ಮಾತಿಗಾಗಿ ಹೊಡೆದಾಡಿ ಸಾಯುವ ಜನ ಅಂತಾಯಿತು. ದನ ಇರುವುದು ಹಿಂದಿನ ಪರದೆಯಲ್ಲಿ ಮಾತ್ರ. ನಮ್ಮ ರಾಮನಗರದ ಬೆಟ್ಟಗಳಲ್ಲಿ ತೆಗೆದ ‘ಶೋಲೆ’ 1975ರಲ್ಲಿ ಬಂತಲ್ಲ, ಅದೂ ಈ ವಂಶದ್ದೇ. ಠಾಕೂರ ಇಬ್ಬರನ್ನು ದುಡ್ಡು ಕೊಟ್ಟು ತರುತ್ತಾನೆ. ಠಾಕೂರನ ಹೊಲ ಉಳುವವರು ಯಾರು, ಅವನ ದನ ಕಾಯುವವರು ಯಾರು, ಮೂರು ಗಂಟೆ ಕೂತರೂ ಗೊತ್ತಾಗುವುದಿಲ್ಲ.

ನಿಜವಾದ ಕೌಬಾಯ್ ಯಾರು ಅಂತ ಈಗ ನೋಡಬೇಕು. 1865ರಲ್ಲಿ ಅಮೆರಿಕದ ಅಂತರ್ಯುದ್ಧ ಮುಗಿಯಿತು, ಗುಲಾಮಗಿರಿ ಕಾನೂನಿನಲ್ಲಿ ಹೋಯಿತು. ಟೆಕ್ಸಾಸಿನಲ್ಲಿ ಲಕ್ಷಗಟ್ಟಲೆ ದನ. ಕೊಳ್ಳುವವರು ಉತ್ತರದ ಪಟ್ಟಣಗಳಲ್ಲಿ. 1867ರಿಂದ ಕಾನ್ಸಾಸಿನ ಅಬಿಲೀನ್ ಎಂಬ ರೈಲು ನಿಲ್ದಾಣದವರೆಗೆ ಹಿಂಡುಗಳನ್ನು ನೂರಾರು ಮೈಲಿ ಹೊಡೆದುಕೊಂಡು ಹೋಗುವ ಕೆಲಸ ಶುರುವಾಯಿತು. ಈ ಕೆಲಸಕ್ಕೆ ಬಂದವರು ಬಡ ಬಿಳಿಯರು, ಮೆಕ್ಸಿಕನ್ನರು, ಬಿಡುಗಡೆಯಾದ ಕರಿಯರು. ನಾಲ್ಕರಲ್ಲಿ ಒಬ್ಬ ಕರಿಯ ಅಂತ ಚರಿತ್ರೆಕಾರರ ಅಂದಾಜು. ಹಗ್ಗ ಎಸೆದು ದನ ಹಿಡಿಯುವ ವಿದ್ಯೆ ಮೆಕ್ಸಿಕೋದಿಂದ ಬಂದದ್ದು. ಲ್ಯಾಸೊ, ರೋಡಿಯೊ, ರ್‍ಯಾಂಚ್ ಎಲ್ಲ ಸ್ಪ್ಯಾನಿಷಿನಿಂದ ಬಂದ ಮಾತು. ಸಂಬಳ ತಿಂಗಳಿಗೆ 25ರಿಂದ 40 ಡಾಲರು. ಹಗಲೂ ರಾತ್ರಿ ಕುದುರೆಯ ಮೇಲೆ. ನೆಲವೋ, ಅಲ್ಲಿ ಮೊದಲಿಂದ ಇದ್ದ ಇಂಡಿಯನ್ ಬುಡಕಟ್ಟುಗಳಿಂದ ಕಸಿದದ್ದು. ಅವರ ಅನ್ನವಾಗಿದ್ದ ಕಾಡೆಮ್ಮೆಯನ್ನು ಕೊಂದು ಮುಗಿಸಿದ ಮೇಲೆ ದನದ ಹಿಂಡು ಅಲ್ಲಿಗೆ ಬಂತು. ಫೋರ್ಡನ ಸಿನಿಮಾದ ಬಡ ರೈತನ ಗುಡಿಸಲೂ ಅದೇ ನೆಲದ ಮೇಲೆ ನಿಂತದ್ದು ಎನ್ನುವುದನ್ನು ಮರೆಯಬಾರದು.

ಜಗಳ ಇತ್ತು. ಆದರೆ ಯಾರ ನಡುವೆ? 1874ರಲ್ಲಿ ಗ್ಲಿಡನ್ ಎಂಬಾತ ಮುಳ್ಳುತಂತಿಗೆ ಪೇಟೆಂಟು ತಗೊಂಡ. ಹತ್ತೇ ವರ್ಷದಲ್ಲಿ ಬಯಲೆಲ್ಲ ಬೇಲಿಯಾಯಿತು. ಮೊದಲು ಕೌಬಾಯ್ ತನ್ನದೂ ನಾಲ್ಕು ದನ ಕಟ್ಟಿಕೊಂಡು ಧಣಿಯ ಹಿಂಡಿನ ಜೊತೆಗೇ ಮೇಯಿಸಬಹುದಿತ್ತು. ಗುರುತಿಲ್ಲದ ಕರು ಸಿಕ್ಕರೆ ಮುದ್ರೆ ಒತ್ತಿಕೊಳ್ಳಬಹುದಿತ್ತು. ಹೀಗೆ ಆಳಾಗಿದ್ದವನೂ ಒಂದು ದಿನ ಸಣ್ಣ ಹಿಡುವಳಿದಾರ ಆಗುವ ಆಸೆ ಇಟ್ಟುಕೊಂಡಿದ್ದ. ದೂರದ ಪಟ್ಟಣಗಳ, ಯುರೋಪಿನ ಬಂಡವಾಳದ ಕಂಪನಿಗಳು ಬಂದವು, ಅದನ್ನೆಲ್ಲ ನಿಲ್ಲಿಸಿದವು. 1883ರ ವಸಂತದಲ್ಲಿ ಟೆಕ್ಸಾಸಿನ ಟಸ್ಕೋಸಾ ಸುತ್ತಿನ ದೊಡ್ಡ ರ್‍ಯಾಂಚುಗಳ ಆಳುಗಳು ಮುಷ್ಕರ ಹೂಡಿದರು. ತಿಂಗಳಿಗೆ 50 ಡಾಲರು ಕೊಡಿ ಅಂದರು. ಅಡುಗೆಯವನಿಗೂ ಅಷ್ಟೇ ಕೊಡಿ ಅಂದರು ಎನ್ನುವುದು ನಮಗೆ ಬಹಳ ಹಿಡಿಸಿತು. ಧಣಿಗಳು ಅವರನ್ನು ತೆಗೆದುಹಾಕಿ ಬೇರೆ ಬಡವರನ್ನು ಕರೆತಂದರು. ಎರಡು ಮೂರು ತಿಂಗಳಲ್ಲಿ ಮುಷ್ಕರ ಮುರಿಯಿತು. 1892ರಲ್ಲಿ ವ್ಯೋಮಿಂಗಿನ ಜಾನ್ಸನ್ ಕೌಂಟಿಯಲ್ಲಿ ಇನ್ನೂ ಮುಂದೆ ಹೋದರು. ದನದ ಸಾಹುಕಾರರ ಸಂಘವೇ ಟೆಕ್ಸಾಸಿನಿಂದ ಬಂದೂಕಿನ ಆಳುಗಳನ್ನು ಕೂಲಿಗೆ ತಂದು, ಸಣ್ಣ ಹಿಡುವಳಿದಾರರನ್ನು ದನಗಳ್ಳರು ಅಂತ ಹೆಸರಿಟ್ಟು ಬೇಟೆಯಾಡಿತು. ನೇಟ್ ಚಾಂಪಿಯನ್ ಎಂಬಾತನನ್ನು ಮನೆಗೆ ಬೆಂಕಿ ಇಟ್ಟು, ಹೊರಗೆ ಓಡಿ ಬಂದಾಗ ಗುಂಡಿಟ್ಟು ಕೊಂದರು. ಊರ ಜನ ತಿರುಗಿ ಬಿದ್ದು ಕೊಂದವರನ್ನು ಸುತ್ತುಗಟ್ಟಿದಾಗ ಬಂದು ಬಿಡಿಸಿಕೊಂಡದ್ದು ಸರ್ಕಾರದ ಸೈನ್ಯ. ಒಬ್ಬನಿಗೂ ಶಿಕ್ಷೆಯಾಗಲಿಲ್ಲ.

ಕರಿಯ ಕೌಬಾಯ್ ಏನಾದ? ತೆರೆಯಿಂದ ಅಳಿಸಿಹೋದ. ಬಿಲ್ ಪಿಕೆಟ್ ಅಂತ ಒಬ್ಬನಿದ್ದ, 1870ರಲ್ಲಿ ಹುಟ್ಟಿದವನು, ಗುಲಾಮರಾಗಿದ್ದವರ ಮಗ. ಓಡುವ ಹೋರಿಯ ಮೇಲೆ ಕುದುರೆಯಿಂದ ಹಾರಿ, ಕೊಂಬು ಹಿಡಿದು, ತುಟಿ ಕಚ್ಚಿ ನೆಲಕ್ಕೆ ಕೆಡವುತ್ತಿದ್ದ. ಕರಿಯರಿಗೆ ಕಣ ಇಲ್ಲದ ಊರುಗಳಲ್ಲಿ ಅವನನ್ನು ಇಂಡಿಯನ್ ಅಂತಲೋ ಮೆಕ್ಸಿಕನ್ ಅಂತಲೋ ಹೇಳಿ ಇಳಿಸುತ್ತಿದ್ದರಂತೆ. 1922ರಲ್ಲಿ ಫ್ಲಾರಿಡಾದ ನಾರ್ಮನ್ ಎಂಬ ಬಿಳಿಯ ನಿರ್ಮಾಪಕ ‘ದಿ ಬುಲ್-ಡಾಗರ್’, ‘ದಿ ಕ್ರಿಮ್ಸನ್ ಸ್ಕಲ್’ ಎಂಬ ಎರಡು ಮೂಕಿಗಳಲ್ಲಿ ಪಿಕೆಟ್‌ನನ್ನು ತೋರಿಸಿದ. ಅವು ನಡೆದದ್ದು ಕರಿಯರ ಟಾಕೀಸುಗಳಲ್ಲಿ. ಈಗ ‘ಬುಲ್-ಡಾಗರ್’ನ ತುಣುಕುಗಳು ಮಾತ್ರ ಉಳಿದಿವೆ. 1966ರಲ್ಲಿ ಹುಟ್ಟಿದ ಬ್ಲ್ಯಾಕ್ ಪ್ಯಾಂಥರ್ಸ್ ಹೆಸರನ್ನು ನೋಡಿ 1972ರಲ್ಲಿ ಮುಂಬಯಿಯ ಗೆಳೆಯರು ದಲಿತ ಪ್ಯಾಂಥರ್ಸ್ ಕಟ್ಟಿದರು. ಆ ನಂಟು ನಮ್ಮೆಲ್ಲರಿಗೂ ಗೊತ್ತು. ಕರಿಯ ದನಗಾಹಿಯ ನಂಟು ಅದಕ್ಕಿಂತ ಹಳೆಯದು, ಅದನ್ನು ಯಾರೂ ಹೇಳಿರಲಿಲ್ಲ.

ಇನ್ನು ನಮ್ಮ ನೆಲಕ್ಕೆ ಬರೋಣ.

ಹಾಸನ ಸೀಮೆಯಲ್ಲಿ ದನದ ಜಗಳಕ್ಕೆ ಕಲ್ಲಿನ ಸಾಕ್ಷಿಯಿದೆ. ಊರ ಬಾಗಿಲಲ್ಲಿ, ಕೆರೆ ಏರಿ ಮೇಲೆ, ಹೊಲದ ಬದುವಿನಲ್ಲಿ ನಿಂತ ವೀರಗಲ್ಲುಗಳನ್ನು ನೋಡಿ. ಹಲವು ಕಲ್ಲುಗಳು ತುರುಗೊಳ್ ಎಂಬ ದನ ಹಿಡಿಯುವ ಕಾಳಗದ್ದು. ಕೆಳಗಿನ ಪಟ್ಟಿಯಲ್ಲಿ ಹೊಡೆದಾಟ, ನಡುವೆ ಅಪ್ಸರೆಯರು ಹೊತ್ತೊಯ್ಯುವುದು, ಮೇಲೆ ಕೈಲಾಸ. ಬಿ.ಎಲ್. ರೈಸ್ 1902ರಲ್ಲಿ ಹಾಸನ ಜಿಲ್ಲೆಯ ಶಾಸನಗಳನ್ನು ಎಪಿಗ್ರಾಫಿಯಾ ಕರ್ನಾಟಿಕಾದ 5ನೇ ಸಂಪುಟವಾಗಿ ಅಚ್ಚು ಹಾಕಿಸಿದ. ಕಲ್ಲಿಗೆ ಬಂದ ಹೆಸರು ಬಹುಮಟ್ಟಿಗೆ ಕಲ್ಲು ನಿಲ್ಲಿಸುವ ಶಕ್ತಿ ಇದ್ದ ಮನೆಯವರದು. ಕಳ್ಳರು ಬಂದಾಗ ಮೊದಲು ದನದ ಜೊತೆ ಇದ್ದವನು, ಮೊದಲ ಏಟು ತಿಂದವನು ಕಾಯುವ ಆಳಲ್ಲವೆ? ಅವನ ಕಲ್ಲು ಎಲ್ಲಿ? ಗೋವಿನ ಹಾಡನ್ನು ಶಾಲೆಯಲ್ಲಿ ಎಲ್ಲರೂ ಕಲಿತಿದ್ದೇವೆ. ಪುಣ್ಯಕೋಟಿಗೆ ಅತ್ತವರು, ಹುಲಿಗೆ ಮರುಗಿದವರು ಬಹಳ. ಕಾಳಿಂಗ ಗೊಲ್ಲ ಆ ದಿನ ಏನು ಉಂಡ ಅಂತ ಕೇಳಿದ ಮೇಷ್ಟ್ರು ನಮಗೆ ಸಿಗಲಿಲ್ಲ.

ಕಲ್ಲಿನ ಕಾಲ ಮುಗಿದ ಮೇಲೆ ಕಾಗದದ ಕಾಲ. ಅಬಿಲೀನಿಗೆ ಹಿಂಡು ಹೊಡೆಯುವುದಕ್ಕಿಂತ ಬಹಳ ಮೊದಲೇ ನಮ್ಮಲ್ಲೊಂದು ಸರ್ಕಾರಿ ರ್‍ಯಾಂಚ್ ಇತ್ತು. ಚಿಕ್ಕದೇವರಾಜ ಒಡೆಯರ ಕಾಲದಲ್ಲಿ, ಅಂದರೆ 1704ಕ್ಕೆ ಮುಂಚೆ, ಅರಮನೆಗೆ ಹಾಲು ಬೆಣ್ಣೆ ಒದಗಿಸಲು ಹಿಂಡು ಕಟ್ಟಿ ರಾಜ್ಯದ ಹಲವು ಕಡೆ ಹುಲ್ಲುಗಾವಲು ಗೊತ್ತು ಮಾಡಿದರು. ಬೆಣ್ಣೆ ಚಾವಡಿ ಅಂತ ಹೆಸರು. ಹೈದರ ಅದನ್ನು ದಂಡಿಗೆ ಹಚ್ಚಿದ. ಫಿರಂಗಿ ಎಳೆಯೋದಕ್ಕೆ ಈ ಎತ್ತಿಗೆ ಸಮ ಇಲ್ಲ. ಚಿದಂಬರದ ಕಡೆಗೆ ಎರಡೂವರೆ ದಿನದಲ್ಲಿ ನೂರು ಮೈಲಿ ದಂಡು ನಡೆಸಿದ್ದು ಈ ಎತ್ತಿನ ಬಲದಿಂದ ಅಂತ ಗೆಜೆಟಿಯರುಗಳು ಹೇಳುತ್ತವೆ. ಟಿಪ್ಪು ಅದಕ್ಕೆ ಅಮೃತಮಹಲ್ ಎಂದು ಹೆಸರಿಟ್ಟ, ಹುಕುಂನಾಮೆ ಬರೆಸಿದ, ವರ್ಷಕ್ಕೊಮ್ಮೆ ತಾನೇ ಮುಂದೆ ನಿಂತು ಹಿಂಡು ತಪಾಸಣೆ ಮಾಡಿ ಇನಾಮು ಕೊಡುತ್ತಿದ್ದ. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದ ಮೇಲೆ ಹಿಂಡು ಮೊದಲು ಅರಮನೆಗೆ ಹೋಗಿ, 1813ರಲ್ಲಿ ಇಂಗ್ಲಿಷರ ಸೈನ್ಯಾಧಿಕಾರಿಯ ಕೈಗೆ ಬಂತು. 1860ರಲ್ಲಿ ಖರ್ಚು ಉಳಿಸಬೇಕು ಅಂತ ಹಿಂಡನ್ನು ಹರಾಜು ಹಾಕಿದರು. ಈಜಿಪ್ಟಿನ ಪಾಷಾ ಕೂಡ ಕೊಂಡ. ಎತ್ತಿನ ಬೆಲೆ ಏರಿದಾಗ ಬುದ್ಧಿ ಬಂದು 1866ರಲ್ಲಿ ಮತ್ತೆ ಕಟ್ಟಿದರು. 1882ರಲ್ಲಿ ಮೈಸೂರು ಸರ್ಕಾರಕ್ಕೆ ಬಂತು.

ಇಷ್ಟೂ ಪುಸ್ತಕದಲ್ಲಿದೆ. ಹಿಂಡಿನ ಲೆಕ್ಕ ಇದೆ, ಎತ್ತಿನ ಅಳತೆ ಇದೆ, ಕೊಂಬಿನ ವರ್ಣನೆ ಇದೆ. ಹೈದರ, ಟಿಪ್ಪು, ವೆಲೆಸ್ಲಿ ಎಲ್ಲರ ಹೆಸರಿದೆ. ಎರಡೂವರೆ ದಿನದಲ್ಲಿ ನೂರು ಮೈಲಿ ಎತ್ತು ಓಡಿತು ಅಂದರೆ ಎತ್ತಿನ ಪಕ್ಕದಲ್ಲಿ ಮನುಷ್ಯನೂ ಓಡಿದ. ಅವನಿಗೆ ಕುದುರೆ ಇರಲಿಲ್ಲ.

ಕಾವಲು ಅಂದರೆ ಬೇಲಿಯಿಲ್ಲದ ಬೇಲಿ. ಹಾಸನ, ಕಡೂರು, ಚಿತ್ರದುರ್ಗ, ತುಮಕೂರು, ಮೈಸೂರು ಜಿಲ್ಲೆಗಳಲ್ಲಿ ಇನ್ನೂರಕ್ಕೂ ಹೆಚ್ಚು ಕಾವಲುಗಳಿದ್ದವು. ಮೂರು ಥರ. ಬೇಸಿಗೆ ಕಾವಲು, ಮಳೆಗಾಲದ ಕಾವಲು, ಚಳಿಗಾಲದ ಕಾವಲು. ಬೇಸಿಗೆಯದಕ್ಕೆ ಬೆಲೆ ಜಾಸ್ತಿ, ಯಾಕೆಂದರೆ ಅಲ್ಲಿ ನೀರು, ನೆರಳು, ಕೆರೆ ಅಂಗಳದ ಹಸಿ ಹುಲ್ಲು. ಸುತ್ತಲ ಊರಿನ ದನ ಬಡಕಲಾಗುವ ಕಾಲಕ್ಕೆ ಸರಿಯಾಗಿ ಆ ಹುಲ್ಲು ಸರ್ಕಾರದ್ದು. ಹಿಂಡು ಒಂದು ಕಾವಲಿನಿಂದ ಇನ್ನೊಂದಕ್ಕೆ ಹೋಗುತ್ತಲೇ ಇರಬೇಕು. ಹಿಂಡಿಗೊಬ್ಬ ಸೇರ್ವೆಗಾರ, ಅವನ ಕೈಕೆಳಗೆ ಮೇಯಿಸುವ ಆಳುಗಳು. ಹಿಂಡು ಇಲ್ಲದಾಗ ಹುಲ್ಲು ಕಾಯಲು ಕಾವಲ್ಗಾರ. ಮೇಲೆ ದರೋಗ, ಅವನ ಮೇಲೆ ದೊರೆ. ಅರೆಕಾಡು ಸ್ವಭಾವದ ದನ, ಕೊಟ್ಟಿಗೆ ಕಾಣದ್ದು, ಹೊಸಬ ಹತ್ತಿರ ಹೋದರೆ ತಿವಿಯುವಂಥದು. ಮಳೆಯಲ್ಲಿ ಅದರ ಜೊತೆ ಬಯಲಲ್ಲೇ ಇರೋನು ಆಳು.

ಇಲ್ಲಿ ಜಗಳ ಯಾರ ನಡುವೆ ಹುಟ್ಟುತ್ತದೆ ನೋಡಿ. ಊರಿನ ದನ ಕಾವಲಿನ ಅಂಚಿಗೆ ಬರುತ್ತದೆ. ದನಕ್ಕೆ ಹುಕುಂನಾಮೆ ಗೊತ್ತಿಲ್ಲ, ಹುಲ್ಲು ಗೊತ್ತು. ಹೊಡೆದುಕೊಂಡು ಬಂದವನು ಹತ್ತು ವರ್ಷದ ಜೀತದ ಹುಡುಗ. ದನ ಅವನದಲ್ಲ, ಗೌಡನದು. ಅಟ್ಟಿಸಿಕೊಂಡು ಬರೋನು ಕಾವಲ್ಗಾರ. ಹುಲ್ಲು ಅವನದಲ್ಲ, ಸರ್ಕಾರದ್ದು. ದನ ಹಿಡಿದು ದೊಡ್ಡಿಗೆ ಹೊಡೆದರೆ ಅವನ ಕೆಲಸ ಉಳಿಯಿತು. ಬಿಟ್ಟರೆ ಅವನ ಮೇಲೆ ರಪೋಟು. ಬ್ರಿಟಿಷ್ ಇಂಡಿಯಾದಲ್ಲಿ ಜಾನುವಾರು ಅತಿಕ್ರಮಣದ ಕಾಯ್ದೆ 1871ರಲ್ಲಿ ಬಂತು. ಆಗ ಮೈಸೂರನ್ನೂ ಆಳುತ್ತಿದ್ದದ್ದು ಇಂಗ್ಲಿಷ್ ಕಮಿಷನರೇ. ದನಕ್ಕೂ ಜೈಲು ಬಂತು. ದೊಡ್ಡಿಯ ದಂಡ, ಜೊತೆಗೆ ದಿನದ ಮೇವಿನ ಖರ್ಚು. ದನ ಬಿಡಿಸಿಕೊಂಡು ಬಂದ ಗೌಡ ಆ ದಂಡವನ್ನು ಯಾರ ಲೆಕ್ಕಕ್ಕೆ ಬರೀತಾನೆ? ಜೀತದ ಹುಡುಗನ ಅಪ್ಪನ ಸಾಲಕ್ಕೆ. ಹುಡುಗನಿಗೆ ಕಾವಲ್ಗಾರನ ಕೋಲಿನ ಏಟು ಒಂದು, ಮನೆಗೆ ಬಂದ ಮೇಲೆ ಗೌಡನ ಬಾರುಕೋಲಿನ ಏಟು ಇನ್ನೊಂದು. ಹುಡುಗನ ಕೇರಿಯವರು ಸೇರಿ ಕಾವಲ್ಗಾರನನ್ನು ಅಡ್ಡಗಟ್ಟಿ ಹೊಡೆದರೆ ಅದು ಊರಿಗೆ ದೊಡ್ಡ ಸುದ್ದಿ. ‘ದನ ಕಾಯೋ ಮುಂಡೇವು ಹೊಡೆದಾಡ್ಕೊಂಡ್ವಂತೆ.’ ಫ್ರೀಮಾಂಟ್-ಹ್ಯಾರಿ ಬೀದಿಯಲ್ಲಿ ನಿಂತದ್ದು ಇದೇ ಕತೆ. ಫ್ಲಿಂಟ್ ಇಲ್ಲಿ ಎರಡು ಕಡೆಯೂ ಇದ್ದಾನೆ: ಒಂದು ಕಡೆ ಸರ್ಕಾರ, ಒಂದು ಕಡೆ ಪಟೇಲ.

ಜೀತದ ಮಾತು ಬಂದದ್ದರಿಂದ ಅಲ್ಲಿ ಸ್ವಲ್ಪ ನಿಲ್ಲಬೇಕು. ಅಪ್ಪ ಮದುವೆಗೋ ಸಾವಿಗೋ ಸಾಲ ತಂದ. ತೀರುವವರೆಗೆ ಮಗ ದನ ಕಾಯಬೇಕು. ಉಗಾದಿಯಿಂದ ಉಗಾದಿಗೆ ಕರಾರು. ವರ್ಷಕ್ಕೆ ಇಷ್ಟು ರಾಗಿ, ಒಂದು ಕಂಬಳಿ, ಒಂದು ಜೊತೆ ಎಕ್ಕಡ. ಕೋಳಿ ಕೂಗೋ ಹೊತ್ತಿಗೆ ಕೊಟ್ಟಿಗೆ ಗುಡಿಸಿ, ಗಂಜಲ ಬಳಿದು, ಸಗಣಿ ತಿಪ್ಪೆಗೆ ಹಾಕಿ, ದನ ಹೊಡೆದುಕೊಂಡು ಹೋಗಬೇಕು. ಅವನು ಕೊಟ್ಟಿಗೆಗೆ ಬರಬಹುದು, ನಡುಮನೆಗೆ ಬರುವಂತಿಲ್ಲ. ಹಸುವನ್ನು ಮುಟ್ಟಬಹುದು, ಹಸುವಿನ ಹಾಲಿನ ಚೊಂಬನ್ನು ಮುಟ್ಟುವಂತಿಲ್ಲ. ಮೈಗೆ ಹಸುವಿನ ವಾಸನೆ ಹತ್ತಿದರೂ ಅವನಿಗೆ ಮೈಲಿಗೆ ಹೋಗಲಿಲ್ಲ. ಹಸುವಿನ ಗಂಜಲವನ್ನು ಮಡಿಗೆ ಕುಡಿಯುವ ಮನೆಯಲ್ಲೇ ಇದು ನಡೆಯಿತು. ನಮ್ಮ ಬಳಗದಲ್ಲೇ ಹೀಗೆ ಎರಡು ಮೂರು ವರ್ಷ ದುಡಿದು ಆಮೇಲೆ ಶಾಲೆ ಸೇರಿದವರಿದ್ದಾರೆ. ಅವರಿಗೆ ಇದನ್ನು ಯಾವ ಪುಸ್ತಕವೂ ಹೇಳಿಕೊಡಬೇಕಿಲ್ಲ. 1975ರ ಅಕ್ಟೋಬರಿನಲ್ಲಿ ಸುಗ್ರೀವಾಜ್ಞೆ, 1976ರಲ್ಲಿ ಜೀತ ಪದ್ಧತಿ ರದ್ದತಿ ಕಾಯ್ದೆ ಬಂತು. ಕಾಗದದ ಮೇಲೆ ಜೀತ ಹೋಯಿತು. ‘ಸಂಬಳಕ್ಕಿದ್ದಾನೆ’ ಅನ್ನುವ ಹೊಸ ಹೆಸರಿನಲ್ಲಿ ಅದು ಆಮೇಲೂ ಬಹಳ ಕಾಲ ಕೊಟ್ಟಿಗೆಯಲ್ಲೇ ಮಲಗಿತ್ತು.

ಬದುಕಿದ ದನದ ಹಿಂದೆ ಮಗನಾದರೆ ಸತ್ತ ದನದ ಹಿಂದೆ ಅಪ್ಪ. ಹೊರುವುದು, ಸುಲಿಯುವುದು, ಹದ ಮಾಡುವುದು. ಕಪಿಲೆ ಬಾವಿಯ ತೊಗಲಿನ ಬಾನಿ, ಮಿಣಿ, ಬಾರುಕೋಲು, ಎಕ್ಕಡ ಎಲ್ಲ ಮಾದಿಗರ ಕೇರಿಯಿಂದ ಬಂದದ್ದು. ಗದ್ದೆಗೆ ನೀರು ಹರಿದದ್ದು ಆ ತೊಗಲಿನಿಂದ. ಹುಡುಗನಿಗೆ ಬಿದ್ದ ಏಟಿನ ಬಾರೂ ಅಪ್ಪ ಹದ ಮಾಡಿದ್ದೇ. 1927ರ ಮಹಾಡ್ ಪರಿಷತ್ತಿನಲ್ಲಿ ಬಾಬಾಸಾಹೇಬರು ಸತ್ತ ದನದ ಮಾಂಸ ಬಿಡಿ ಅಂದರು. ನಮ್ಮ ಹಳ್ಳಿಗಳಲ್ಲಿ ಹೊರುವುದನ್ನು ಬಿಡುತ್ತೇವೆ ಅಂದ ಕೇರಿಗಳಿಗೆ ಊರು ಬಹಿಷ್ಕಾರ ಹಾಕಿದ್ದುಂಟು. ಇಲ್ಲೂ ಒಡಕು ಬಂತು: ಹೊರುವವನು ಕೀಳು ಅಂತ ಹೊಲಗೇರಿ, ಬಿಟ್ಟವನಿಗೆ ಸೊಕ್ಕು ಅಂತ ಮಾದಿಗರ ಕೇರಿ, ಇಬ್ಬರಿಗಿಂತ ನಾನು ಮೇಲು ಅಂತ ಹಟ್ಟಿಯ ಗೊಲ್ಲ. ಕೆರೆಯಲ್ಲಿ ಯಾರ ದನ ಮೊದಲು ನೀರು ಕುಡಿಯಬೇಕು ಅನ್ನುವುದಕ್ಕೂ ದೊಣ್ಣೆ ಎದ್ದಿವೆ. 1973ರಲ್ಲಿ ಬಸವಲಿಂಗಪ್ಪನವರು ಕನ್ನಡ ಸಾಹಿತ್ಯದಲ್ಲಿ ಬಹಳಷ್ಟು ಬೂಸಾ ಅಂದಾಗ ನಾಡೆಲ್ಲ ಹೊತ್ತಿ ಉರಿಯಿತು. ಬೂಸಾ ಅಂದರೆ ಏನು ಅಂತ ಆಗ ಕಲಸಿ ದನಕ್ಕೆ ಇಡುತ್ತಿದ್ದ ಹುಡುಗನಿಗೆ ಗೊತ್ತಿತ್ತು. ದನಕ್ಕಾದರೂ ಬೂಸಾ ಇತ್ತು, ಅವನಿಗೆ ತಂಗಳು.

ಕಾವಲು ಆಮೇಲೆ ಏನಾಯಿತು? 1940ರ ದಶಕದಲ್ಲಿ ಹೆಚ್ಚು ಆಹಾರ ಬೆಳೆಯಿರಿ ಅಂತ ಚಳವಳಿ ಬಂದಾಗ ಕಾವಲುಗಳ ಒಂದಷ್ಟು ಭಾಗ ಉಳುಮೆಗೆ ಬಿಟ್ಟರು. ಟ್ರ್ಯಾಕ್ಟರು, ಲಾರಿ ಬಂದ ಮೇಲೆ ದಂಡಿಗೆ ಎತ್ತು ಬೇಡವಾಯಿತು. ಉಳಿದ ಹಿಂಡು ಅಜ್ಜಂಪುರದ ತಳಿ ಸಂವರ್ಧನಾ ಕೇಂದ್ರಕ್ಕೆ ಸೀಮಿತವಾಯಿತು. ಕಾವಲಿನ ನೆಲ ಕರಗುತ್ತಾ ಬಂತು. ಕರಗಿದ್ದು ಯಾರ ಕಡೆಗೆ? ಪಕ್ಕದ ದೊಡ್ಡ ಹಿಡುವಳಿಯ ಬದು ವರ್ಷಕ್ಕೊಂದು ಮಾರು ಜರುಗಿತು. ಅದಕ್ಕೆ ಒತ್ತುವರಿ ಅಂತ ಯಾರೂ ಹೆಸರಿಡಲಿಲ್ಲ. ಕೇರಿಯವನು ಅಂಚಿನ ಕಲ್ಲು ಆಯ್ದು ಎರಡು ಎಕರೆ ಹಸನು ಮಾಡಿ ಹುರುಳಿ ಬಿತ್ತಿದ; ಅದಕ್ಕೆ ಬಗರ್ ಹುಕುಂ ಅಂತ ಹೆಸರು. ಹುಕುಂ ಇಲ್ಲದ ಉಳುಮೆ. ಕರ್ನಾಟಕದ ಭೂಕಂದಾಯದ ನಿಯಮದಲ್ಲಿ ಗೋಮಾಳಕ್ಕೆ ಒಂದು ಲೆಕ್ಕ ಇದೆ: ನೂರು ದನಕ್ಕೆ 30 ಎಕರೆ ಬಿಡಬೇಕು. ದನವಿದ್ದವನ ದನಕ್ಕೆ ನೆಲ. ದನ ಕಾಯೋನ ತಲೆಗೆ ಇಷ್ಟು ಎಕರೆ ಅಂತ ಎಲ್ಲೂ ಬರೆದಿಲ್ಲ. 1991ರಲ್ಲಿ ನಮೂನೆ 50, 1998-99ರಲ್ಲಿ ನಮೂನೆ 53 ಬಂತು. ಅರ್ಜಿ ಕೊಟ್ಟವರಿಗೆ ಪುರಾವೆ ಕೇಳಿದರು. ಸರ್ಕಾರಿ ನೆಲ ಉತ್ತಿದ್ದಕ್ಕೆ ಹಿಂದೆ ಕಟ್ಟಿದ ದಂಡದ ರಸೀದಿಯೇ ಪುರಾವೆ! ಏಟಿನ ಬಾಸುಂಡೆಯನ್ನು ಜೋಪಾನವಾಗಿ ಇಟ್ಟುಕೊಂಡವನಿಗೆ ಹಕ್ಕು. ದಂಡ ಕಟ್ಟಿ ರಸೀದಿ ಕೇಳೋಕೆ ಬಾಯಿ ಬರದವನಿಗೆ ಇಲ್ಲ.

ಮಂಜೂರಾದ ನೆಲವೂ ನಿಲ್ಲಲಿಲ್ಲ. ಸಾಲಕ್ಕೆ, ಕುಡಿತಕ್ಕೆ, ಮದುವೆಗೆ ಬರೆಸಿಕೊಂಡರು. ಅದನ್ನು ತಡೆಯಲು 1978ರಲ್ಲಿ ಪರಿಶಿಷ್ಟ ಜಾತಿ ಮತ್ತು ಪಂಗಡಗಳ ಭೂಮಿ ಪರಭಾರೆ ನಿಷೇಧ ಕಾಯ್ದೆ ಬಂತು. 2017ರಲ್ಲಿ ಸುಪ್ರೀಂ ಕೋರ್ಟು ತಡವಾಗಿ ಬಂದ ಅರ್ಜಿ ನಡೆಯೋದಿಲ್ಲ ಅಂದಿತು. ಊರೂರಿನ ದಲಿತರು ಹೋರಾಡಿ 2023ರಲ್ಲಿ ಕಾಲಮಿತಿ ಇಲ್ಲ ಅನ್ನುವ ತಿದ್ದುಪಡಿ ತಂದರು. ಇದರ ವಿವರ ಬೇರೆಯದೇ ಲೇಖನ ಬೇಡುತ್ತದೆ.

ಕಾವಲಿನ ಮಾತು ಮುಗಿಸುವ ಮುಂಚೆ ನಮ್ಮ ಜಿಲ್ಲೆಯ ಆಚೆ ಒಂದು ಸಲ ನೋಡಬೇಕು. ಚಿತ್ರದುರ್ಗ ಜಿಲ್ಲೆ ಚಳ್ಳಕೆರೆ ತಾಲ್ಲೂಕಿನಲ್ಲಿ ದೊಡ್ಡ ಉಳ್ಳಾರ್ತಿ, ಕುದಾಪುರ ಕಡೆಯ ಅಮೃತಮಹಲ್ ಕಾವಲು ಇತ್ತು. ಅಲ್ಲಿ ಕಾಡುಗೊಲ್ಲರು, ಮ್ಯಾಸನಾಯಕರು, ದಲಿತರು ಕುರಿ ದನ ಮೇಯಿಸಿ ಬದುಕುತ್ತಿದ್ದರು. 2007ರಿಂದ 2010ರ ಒಳಗೆ ಸುಮಾರು 10,000 ಎಕರೆ ಕಾವಲನ್ನು ರಕ್ಷಣಾ ಸಂಶೋಧನೆ, ಅಣುಶಕ್ತಿ, ಬಾಹ್ಯಾಕಾಶ, ವಿಜ್ಞಾನ ಸಂಸ್ಥೆಗಳಿಗೆ ಬರೆದುಕೊಟ್ಟರು. ಕೇರಿಯವನ ಎರಡು ಎಕರೆಗೆ ‘ಇದು ದನದ ನೆಲ, ಮುಟ್ಟಬೇಡ’ ಅನ್ನುವ ದಫ್ತರು ಆ ಹತ್ತು ಸಾವಿರ ಎಕರೆಗೆ ಸುಮ್ಮನಾಯಿತು. ಜನ ಬೀದಿಗೆ ಬಂದರು, ಹಸಿರು ನ್ಯಾಯಪೀಠಕ್ಕೆ ಹೋದರು. ಅಷ್ಟರಲ್ಲಿ ಗೋಡೆ ಎದ್ದಿತ್ತು. ಮೈಲಿಗಟ್ಟಲೆ ಗೋಡೆ. ಕುರಿ ಹೊಡೆದುಕೊಂಡು ಬಂದವನು ಗೋಡೆ ಹತ್ತಿರ ನಿಂತರೆ ಒಳಗಿನಿಂದ ‘ಹೋಗಯ್ಯಾ’ ಅನ್ನೋನೂ ಸಂಬಳದ ಒಬ್ಬ ವಾಚ್‌ಮನ್. ಅವನ ಅಪ್ಪನೂ ಕುರಿ ಕಾಯ್ದವನಾಗಿದ್ದರೆ ಆಶ್ಚರ್ಯವಿಲ್ಲ.

ಸಿನಿಮಾದ ಹ್ಯಾರಿ ಒಂದು ಹೆಣ ನೋಡಿ ಪಕ್ಷ ಬದಲಿಸಿದ. ನಮ್ಮ ಕಾವಲ್ಗಾರರಲ್ಲಿ ಹಾಗೆ ಮಾಡಿದವರು ಇರಲಿಲ್ಲವೆ? ಇದ್ದೇ ಇರಬೇಕು. ನಮ್ಮ ಹಳಬರ ಬಾಯಲ್ಲಿ ಅಂಥ ಸಣ್ಣ ಸುದ್ದಿಗಳು ಓಡಾಡುತ್ತವೆ: ದನ ಬಂದರೆ ಆ ಕಡೆ ತಿರುಗಿ ಬೀಡಿ ಹಚ್ಚಿಕೊಂಡ ಕಾವಲ್ಗಾರ, ದೊಡ್ಡಿಯ ಬಾಗಿಲನ್ನು ರಾತ್ರಿ ಸಡಿಲ ಬಿಟ್ಟವನು, ಏಟಿನ ಬದಲು ಹುಡುಗನಿಗೆ ತನ್ನ ರೊಟ್ಟಿಯ ಚೂರು ಕೊಟ್ಟವನು. ಇವು ರೈಸನ ಗೆಜೆಟಿಯರಿನಲ್ಲಿ ಇಲ್ಲ, ಯಾವ ಯೂನಿವರ್ಸಲ್ ಕಂಪನಿಯೂ ತೆಗೆಯಲಿಲ್ಲ.

ಅದಕ್ಕೇ ಒಂದು ಕೆಲಸ ಹಂಚಿಕೊಳ್ಳಬೇಕು ಅಂತಿದ್ದೇವೆ. ಬೂಕನಬೆಟ್ಟದ ಜಾತ್ರೆಗೆ, ರಾಮನಾಥಪುರದ ಜಾತ್ರೆಗೆ ದನ ಕಟ್ಟಲು ಬರುವವರಲ್ಲಿ ಎಪ್ಪತ್ತು ಎಂಬತ್ತು ದಾಟಿದವರು ಇನ್ನೂ ಸಿಗುತ್ತಾರೆ. ಅವರ ಹತ್ತಿರ ಕೂತು ಕೇಳಿ. ನಿಮ್ಮೂರ ಹತ್ತಿರ ಯಾವ ಕಾವಲು ಇತ್ತು? ಗಡಿ ಕಲ್ಲು ಎಲ್ಲಿತ್ತು, ಈಗ ಎಲ್ಲಿದೆ? ದೊಡ್ಡಿ ಎಲ್ಲಿತ್ತು, ಹಸುವಿಗೆ ಎಷ್ಟು ದಂಡ, ಎಮ್ಮೆಗೆ ಎಷ್ಟು? ಕಾವಲ್ಗಾರ ಯಾವ ಜಾತಿಯವನು, ಸಂಬಳ ಎಷ್ಟು ಅಂತಿದ್ದ? ಜೀತಕ್ಕೆ ಕಂಬಳಿ ಹೊಸದು ಕೊಟ್ಟರೋ ಹಳೇದೋ? ಊರ ಶಾಲೆಯ ಮೇಷ್ಟ್ರುಗಳು ಮಕ್ಕಳ ಕೈಲೇ ಇದನ್ನು ಬರೆಸಬಹುದು, ಒಂದು ಮನೆಗೆ ಒಂದು ಹಾಳೆ. ಹೇಳಿದವರು ಬೇಡವೆಂದರೆ ಹೆಸರು ಬಿಟ್ಟು, ಊರಿನ ಹೆಸರು, ಅವರ ಮಾತು ಅವರ ಬಾಯಲ್ಲಿ ಬಂದ ಹಾಗೇ ಬರೆದು ಪತ್ರಿಕೆಯ ವಿಳಾಸಕ್ಕೆ ಕಳಿಸಿ. ತಿದ್ದಬೇಡಿ.